ಎರಡೂವರೆ ಮನೆಯ ದಾರಿ: ಚದುರಂಗದ ಆಟಗಾರರು ಮತ್ತು ನಮ್ಮ ಶಾಲೆಯ ಒಂದು ಮಣೆ

ಸುವರ್ಣ ಮಹೋತ್ಸವದ ಸಂಚಿಕೆಗೆ ಏನಾದರೂ ಬರೆದುಕೊಡಬೇಕೆಂದು ಸಮಿತಿಯ ಹಿರಿಯರು ಫೋನ್ ಮಾಡಿದಾಗ ನಾನು ಬೆಂಗಳೂರಿನ ಆಫೀಸಿನಲ್ಲಿದ್ದೆ. "ಕಂಪ್ಯೂಟರ್ ವಿಷಯ ಬರೀಪ್ಪ, ಹುಡುಗರಿಗೆ ಉಪಯೋಗ ಆಗ್ತದೆ" ಎಂದರು. ಆಗಲಿ ಎಂದೆ. ಆದರೆ ಬರೆಯಲು ಕೂತಾಗ ನನ್ನ ಕಣ್ಣ ಮುಂದೆ ಬಂದದ್ದು ಕಂಪ್ಯೂಟರ್ ಅಲ್ಲ. ಸ್ಟಾಫ್ ರೂಮಿನ ಬೀರುವಿನ ಮೇಲೆ ಇರುತ್ತಿದ್ದ ಒಂದು ಚದುರಂಗದ ಮಣೆ.

ನನ್ನ ಜೊತೆ ಓದಿದವರಿಗೆ ಆ ಮಣೆ ನೆನಪಿರಬೇಕು. ಗಣಿತದ ಮೇಷ್ಟ್ರು ಸ್ವಂತ ಹಣದಲ್ಲಿ ಕೋಲಾರದಿಂದ ತಂದದ್ದು. ನಾವು ಎಂಟನೇ ತರಗತಿಗೆ ಸೇರುವ ಹೊತ್ತಿಗೆ, ಅಂದರೆ 2004ರಲ್ಲಿ, ಅದರಲ್ಲಿ ಒಂದು ಕಪ್ಪು ಕುದುರೆ ಕಳೆದುಹೋಗಿತ್ತು. ಅದರ ಜಾಗದಲ್ಲಿ ಹುಣಸೆ ಬೀಜ ಇಟ್ಟು ಆಡುತ್ತಿದ್ದೆವು. ಹುಣಸೆ ಬೀಜ ಎರಡೂವರೆ ಮನೆ ಹಾರಿ ಮಂತ್ರಿಯನ್ನು ಹೊಡೆದಾಗ ಇಡೀ ತರಗತಿ ಕೇಕೆ ಹಾಕುತ್ತಿತ್ತು. ಶನಿವಾರ ಬೆಳಗಿನ ಶಾಲೆ ಮುಗಿದ ಮೇಲೆ ಮೇಷ್ಟ್ರು ಒಂದು ಗಂಟೆ ಕೂರಿಸಿಕೊಂಡು ಆಡಿಸುತ್ತಿದ್ದರು. ಆಡಿಸುತ್ತಾ ಕಥೆ ಹೇಳುತ್ತಿದ್ದರು. ಅವರು ಅಂದು ಹೇಳಿದ ಕಥೆಗಳನ್ನು ನಾನು ಆಮೇಲೆ ಓದಿ ತಿಳಿದುಕೊಂಡದ್ದರ ಜೊತೆ ಸೇರಿಸಿ ಇಲ್ಲಿ ಬರೆದಿದ್ದೇನೆ. ಕೊನೆಯಲ್ಲಿ ನನ್ನ ಮನಸ್ಸಿನಲ್ಲಿ ಇಪ್ಪತ್ತು ವರ್ಷದಿಂದ ಕೂತಿರುವ ಒಂದು ಮಾತೂ ಇದೆ.

ಕಲ್ಯಾಣದ ದೊರೆಯ ಕುದುರೆ

ನಮ್ಮ ಕಡೆ ದೇವಸ್ಥಾನಗಳ ಜಗಲಿಯ ಕಲ್ಲುಗಳನ್ನು ನೋಡಿದವರಿಗೆ ಹುಲಿ-ಕುರಿ ಆಟದ ಗೆರೆಗಳು ಗೊತ್ತು. ಮುಳಬಾಗಿಲು ಶ್ರೀನಿವಾಸಪುರದ ಕಡೆಯ ತೆಲುಗು ಮಾತಿನ ಅಜ್ಜಂದಿರು ಅದನ್ನೇ ಪುಲಿ-ಮೇಕ ಅನ್ನುತ್ತಾರೆ. ದನ ಕಾಯುವವರು, ಸಂತೆಗೆ ಬಂದವರು, ಮಳೆಗೆ ಮಂಟಪದಲ್ಲಿ ನಿಂತವರು ಆಡಿದ ಆಟ ಅದು. ಚದುರಂಗದ ಕಥೆ ಹೆಚ್ಚಾಗಿ ಅರಮನೆಯ ಕಡೆಯಿಂದ ಬಂದದ್ದು. ಆ ಕಥೆಯ ಒಂದು ದೊಡ್ಡ ಅಧ್ಯಾಯ ಕರ್ನಾಟಕದಲ್ಲೇ ನಡೆದಿದೆ ಎಂಬುದು ನಮ್ಮಲ್ಲಿ ಅನೇಕರಿಗೆ ತಿಳಿಯದು.

ಇಂದಿನ ಬಸವಕಲ್ಯಾಣದಿಂದ ಆಳಿದ ಕಲ್ಯಾಣ ಚಾಲುಕ್ಯರ ಮೂರನೇ ಸೋಮೇಶ್ವರ 12ನೇ ಶತಮಾನದ ಮೊದಲ ಭಾಗದಲ್ಲಿದ್ದ ದೊರೆ. ಹೊಯ್ಸಳ ವಿಷ್ಣುವರ್ಧನ ನಮ್ಮ ಕೋಲಾರ ಸೀಮೆಯಿಂದ ಚೋಳರನ್ನು ಹಿಂದಕ್ಕಟ್ಟಿದ ಕಾಲದ ಆಸುಪಾಸು. ಸೋಮೇಶ್ವರ ಯುದ್ಧಕ್ಕಿಂತ ವಿದ್ಯೆಗೆ ಹೆಸರಾದವನು. ಅವನು ಸಂಸ್ಕೃತದಲ್ಲಿ ಬರೆದ 'ಮಾನಸೋಲ್ಲಾಸ'ಕ್ಕೆ 'ಅಭಿಲಷಿತಾರ್ಥ ಚಿಂತಾಮಣಿ' ಎಂಬ ಹೆಸರೂ ಇದೆ. ಒಂದೊಂದರಲ್ಲಿ 20 ಅಧ್ಯಾಯಗಳಂತೆ ಐದು ಭಾಗ, ಒಟ್ಟು 100 ಅಧ್ಯಾಯ. ರಾಜ್ಯಭಾರ, ಅಡುಗೆ, ಆನೆ ಹಿಡಿಯುವುದು, ಸಂಗೀತ, ಚಿತ್ರಕಲೆ ಎಲ್ಲವೂ ಅದರಲ್ಲಿವೆ. ಆಟಗಳಿಗೆ ಮೀಸಲಾದ ಕೊನೆಯ ಭಾಗದಲ್ಲಿ ಚದುರಂಗವೂ ಇದೆ. ಕುದುರೆ ಒಂದು ಮನೆಯನ್ನೂ ಎರಡನೇ ಸಲ ಮುಟ್ಟದೆ ಮಣೆಯ ಎಲ್ಲ 64 ಮನೆಗಳನ್ನೂ ಸುತ್ತಿ ಬರುವ ಕ್ರಮವನ್ನು ಆ ಗ್ರಂಥ ಹೇಳುತ್ತದೆ.

ಈ ಲೆಕ್ಕವನ್ನು ನಾನು ಮೊದಲು ಕಂಡದ್ದು ಬಿ.ಇ. ಎರಡನೇ ವರ್ಷದಲ್ಲಿ, ಕಂಪ್ಯೂಟರ್ ಲ್ಯಾಬಿನಲ್ಲಿ. ಕುದುರೆಗೆ ದಾರಿ ಹುಡುಕುವ ಪ್ರೋಗ್ರಾಂ ಬರೆಯಲು ಹೇಳಿದ್ದರು. ಒಂದು ದಾರಿ ಹಿಡಿದು ಹೋಗುವುದು, ಮುಂದೆ ಮನೆ ಸಿಗದಿದ್ದರೆ ಹಿಂದಕ್ಕೆ ಬಂದು ಇನ್ನೊಂದು ದಾರಿ ನೋಡುವುದು. ನಾನು ಬರೆದ ಪ್ರೋಗ್ರಾಂ ಗಂಟೆಗಟ್ಟಲೆ ಓಡಿದರೂ ಉತ್ತರ ಕೊಡಲಿಲ್ಲ. ಆಮೇಲೆ ಪುಸ್ತಕದಲ್ಲಿ ಒಂದು ಉಪಾಯ ಸಿಕ್ಕಿತು. 1823ರಲ್ಲಿ ವಾರ್ನ್ಸ್‌ಡಾರ್ಫ್ ಎಂಬ ಜರ್ಮನ್ ಹೇಳಿದ್ದು: ಮುಂದೆ ಹೋಗಲು ಅತಿ ಕಡಿಮೆ ದಾರಿ ಇರುವ ಮನೆಗೆ ಮೊದಲು ಹೋಗು. ಹಾಗೆ ಮಾಡಿದ ಕೂಡಲೇ ಉತ್ತರ ಬಂತು. ಕಷ್ಟದ ಮೂಲೆಗಳನ್ನು ಕೊನೆಗೆ ಉಳಿಸಿಕೊಂಡರೆ ಸಿಕ್ಕಿಬೀಳುತ್ತೇವೆ, ಮೊದಲೇ ಮುಗಿಸಿಕೊಳ್ಳಬೇಕು. ಪರೀಕ್ಷೆಗೆ ಓದುವ ಮಕ್ಕಳಿಗೂ ಈ ಮಾತು ಅನ್ವಯಿಸುತ್ತದೆ.

ಸುತ್ತು ಮುಗಿಸಿ ಹೊರಟ ಮನೆಗೇ ಮರಳುವಂಥ ದಾರಿಗಳು ಎಷ್ಟಿವೆ ಎಂದು ಗಣಿತಜ್ಞರು ಕಂಪ್ಯೂಟರಿನಿಂದ ಎಣಿಸಿದ್ದಾರೆ. ಒಂದೇ ದಾರಿಯನ್ನು ಹಿಂದುಮುಂದಾಗಿ ಎರಡು ಸಲ ಎಣಿಸದಿದ್ದರೆ 1,32,67,36,44,10,532 ಎಂಬಷ್ಟು ಉದ್ದದ ಸಂಖ್ಯೆ, ಅಂದರೆ 13 ಲಕ್ಷ ಕೋಟಿಗೂ ಹೆಚ್ಚು. ಯೂರೋಪಿನ ಮಹಾ ಗಣಿತಜ್ಞ ಆಯ್ಲರ್ ಈ ಸಮಸ್ಯೆಯನ್ನು ಕೈಗೆತ್ತಿಕೊಂಡದ್ದು 1759ರಲ್ಲಿ. ಅದಕ್ಕೆ ಆರು ಶತಮಾನ ಮೊದಲೇ ಬೀದರ್ ಸೀಮೆಯ ಒಬ್ಬ ದೊರೆ ಅದನ್ನು ಬರೆದಿಟ್ಟಿದ್ದ. ಲ್ಯಾಬಿನಲ್ಲಿ ನನಗೆ ಇದನ್ನು ಯಾರೂ ಹೇಳಿಕೊಟ್ಟಿರಲಿಲ್ಲ.

ಅಧಿಕಾರ ಹೋದ ಮೇಲಿನ ರಾಜ

ಎರಡನೆಯವರು ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು. 1794ರಲ್ಲಿ ಹುಟ್ಟಿದರು. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಮಡಿದ ಮೇಲೆ ಐದು ವರ್ಷದ ಮಗುವಾಗಿದ್ದಾಗ ಸಿಂಹಾಸನದ ಮೇಲೆ ಕೂರಿಸಲಾಯಿತು. 1831ರಲ್ಲಿ ಬ್ರಿಟಿಷರು ಆಡಳಿತವನ್ನು ತಮ್ಮ ಕೈಗೆ ತೆಗೆದುಕೊಂಡರು. ಅಲ್ಲಿಂದ 1868ರಲ್ಲಿ ತೀರಿಕೊಳ್ಳುವವರೆಗೆ ಅವರು ರಾಜರೇ, ಆದರೆ ರಾಜ್ಯ ಅವರ ಕೈಯಲ್ಲಿ ಇರಲಿಲ್ಲ.

ಈ ಮೂವತ್ತೇಳು ವರ್ಷಗಳಲ್ಲಿ ಅವರ ಅರಮನೆ ವಿದ್ವಾಂಸರ, ಚಿತ್ರಗಾರರ, ಸಂಗೀತಗಾರರ ಮನೆಯಾಯಿತು. ಅವರ ಹೆಸರಿನಲ್ಲಿ ಸಿದ್ಧವಾದ 'ಶ್ರೀತತ್ವನಿಧಿ' ಒಂಬತ್ತು ನಿಧಿಗಳ ದೊಡ್ಡ ಗ್ರಂಥ. ಅದರಲ್ಲಿ 'ಕೌತುಕನಿಧಿ' ಎಂಬುದು ಆಟಗಳಿಗೆ ಸಂಬಂಧಿಸಿದ್ದು. ಗಂಜೀಫಾ ಎಲೆಗಳ ಹೊಸ ಹೊಸ ಆಟಗಳನ್ನು ಅವರು ರೂಪಿಸಿದರು. ಚದುರಂಗದಲ್ಲಿ ಅವರಿಗೆ ತುಂಬ ಪ್ರಿಯವಾದದ್ದು ಇದೇ ಕುದುರೆಯ ಸುತ್ತು. ಬಗೆಬಗೆಯ ಸುತ್ತುಗಳನ್ನು ಅವರು ರಚಿಸಿದರು. ಚದುರಂಗದ ಇತಿಹಾಸ ಬರೆಯುವ ವಿದೇಶಿ ವಿದ್ವಾಂಸರೂ ಮೈಸೂರಿನ ರಾಜನ ಸುತ್ತುಗಳನ್ನು ಹೆಸರಿಸುತ್ತಾರೆ.

ಮೇಷ್ಟ್ರು ಈ ಕಥೆ ಹೇಳಿ ನಮ್ಮನ್ನು ಒಂದು ಪ್ರಶ್ನೆ ಕೇಳಿದ್ದರು. "ರಾಜ್ಯ ಕೈಬಿಟ್ಟ ರಾಜ ಚದುರಂಗದಲ್ಲಿ ಯಾಕೆ ರಾಜನನ್ನ ಬಿಟ್ಟು ಕುದುರೆಯನ್ನ ಹಿಡಿದ?" ನಮಗೆ ಉತ್ತರ ಹೊಳೆಯಲಿಲ್ಲ. ಅವರೂ ಹೇಳಲಿಲ್ಲ. ಈಗ ನನಗನ್ನಿಸುವುದು ಇಷ್ಟು: ಮಣೆಯ ಮೇಲೆ ರಾಜ ಒಂದೊಂದೇ ಮನೆ ಸರಿಯುತ್ತಾನೆ, ಬೇರೆಯವರ ಕಾವಲಿನಲ್ಲಿ ಬದುಕುತ್ತಾನೆ. ಅಡ್ಡ ಬಂದವರನ್ನು ಹಾರಿ ದಾಟುವ ಕಾಯಿ ಇಡೀ ಮಣೆಯಲ್ಲಿ ಕುದುರೆ ಒಂದೇ.

ಚಾಂಪಿಯನ್ ಆದ ಸೇವಕ

ಮುಂದಿನ ಕಥೆ ಕರ್ನಾಟಕದ್ದಲ್ಲ. ಆದರೆ ನಮ್ಮಂಥ ಊರಿನ ಮಕ್ಕಳು ಎಲ್ಲಕ್ಕಿಂತ ಮೊದಲು ತಿಳಿಯಬೇಕಾದ ಕಥೆ.

ಮೀರ್ ಸುಲ್ತಾನ್ ಖಾನ್ ಪಂಜಾಬಿನ ಮೀಠಾ ತಿವಾನಾ ಎಂಬ ಹಳ್ಳಿಯವನು. ಆ ಊರು ಈಗ ಪಾಕಿಸ್ತಾನದಲ್ಲಿದೆ. ತಂದೆಯಿಂದ ಕಲಿತದ್ದು ದೇಸಿ ಚದುರಂಗ. ಅದರಲ್ಲಿ ಕಾಲಾಳು ಮೊದಲ ನಡೆಯಲ್ಲೂ ಒಂದೇ ಮನೆ ಹೋಗಬೇಕು. ರಾಜನೂ ಆನೆಯೂ ಜಾಗ ಬದಲಿಸಿಕೊಂಡು ಕೋಟೆ ಕಟ್ಟುವ ಕ್ರಮ ಇಲ್ಲ, ಬದಲಿಗೆ ರಾಜ ಒಂದು ಸಲ ಕುದುರೆಯಂತೆ ಹಾರಬಹುದು. ನಮ್ಮ ತಾತಂದಿರು ಆಡುತ್ತಿದ್ದುದೂ ಹೆಚ್ಚುಕಡಿಮೆ ಹೀಗೆಯೇ. ಸರ್ ಉಮರ್ ಹಯಾತ್ ಖಾನ್ ಎಂಬ ದೊಡ್ಡ ಜಮೀನ್ದಾರರು ಅವನ ಆಟ ಕಂಡು ತಮ್ಮ ಮನೆಗೆ ಸೇರಿಸಿಕೊಂಡು ಯೂರೋಪಿನ ನಿಯಮಗಳನ್ನು ಕಲಿಸಿದರು. 1929ರಲ್ಲಿ ಜೊತೆಗೆ ಲಂಡನ್ನಿಗೆ ಕರೆದುಕೊಂಡು ಹೋದರು. ಅದೇ ವರ್ಷ ಸುಲ್ತಾನ್ ಖಾನ್ ಬ್ರಿಟಿಷ್ ಚಾಂಪಿಯನ್ ಆದ. 1932, 1933ರಲ್ಲಿ ಮತ್ತೆರಡು ಸಲ ಗೆದ್ದ. ಹಿಂದಿನ ವಿಶ್ವ ಚಾಂಪಿಯನ್ ಕಾಪಾಬ್ಲಾಂಕಾನನ್ನು ಹೇಸ್ಟಿಂಗ್ಸ್ ಪಂದ್ಯಾವಳಿಯಲ್ಲಿ ಸೋಲಿಸಿದ. ಯೂರೋಪಿನ ಆಟಗಾರರು ಚಿಕ್ಕಂದಿನಿಂದ ಓದಿಕೊಂಡಿದ್ದ ಚದುರಂಗದ ಪುಸ್ತಕಗಳು ಯಾವುವೂ ಅವನಿಗೆ ಸಿಕ್ಕಿರಲಿಲ್ಲ.

ಆ ಮನೆಯಲ್ಲೇ ಕೆಲಸಕ್ಕಿದ್ದ ಫಾತಿಮಾ ಎಂಬ ಯುವತಿ 1933ರಲ್ಲಿ ಬ್ರಿಟಿಷ್ ಮಹಿಳಾ ಚಾಂಪಿಯನ್ ಆದಳು. ಒಂದೇ ಮನೆಯ ಇಬ್ಬರು ಕೆಲಸದವರು ಒಂದೇ ವರ್ಷ ಒಂದು ಸಾಮ್ರಾಜ್ಯದ ಎರಡೂ ಪಟ್ಟ ಗೆದ್ದರು.

ಆಮೇಲೆ ಯಜಮಾನರು ಭಾರತಕ್ಕೆ ಮರಳಿದರು. ಇವರೂ ಮರಳಿದರು. ಸುಲ್ತಾನ್ ಖಾನನ ಅಂತರರಾಷ್ಟ್ರೀಯ ಆಟ ಅಲ್ಲಿಗೆ ಮುಗಿಯಿತು. ಆಟ ಅವನದಾಗಿತ್ತು, ಹಡಗಿನ ಟಿಕೆಟ್ಟು ಬೇರೆಯವರದಾಗಿತ್ತು. 1966ರಲ್ಲಿ ಅವನು ತೀರಿಕೊಂಡ. ಗ್ರ್ಯಾಂಡ್‌ಮಾಸ್ಟರ್ ಎಂಬ ಬಿರುದನ್ನು ವಿಶ್ವ ಚದುರಂಗ ಸಂಸ್ಥೆಯಾದ ಫಿಡೆ ಅಧಿಕೃತವಾಗಿ ಕೊಡಲು ಶುರು ಮಾಡಿದ್ದು 1950ರಲ್ಲಿ. ಆಗ ಅವನನ್ನು ಯಾರೂ ನೆನೆಯಲಿಲ್ಲ. ಗೌರವ ಗ್ರ್ಯಾಂಡ್‌ಮಾಸ್ಟರ್ ಬಿರುದು ಬಂದದ್ದು 2024ರಲ್ಲಿ, ಸತ್ತು 58 ವರ್ಷವಾದ ಮೇಲೆ.

ಮದ್ರಾಸಿನ ಕ್ಲಬ್ಬು

ಸ್ವಾತಂತ್ರ್ಯದ ನಂತರದ ಚದುರಂಗದ ಕಥೆ ನಮ್ಮ ಪಕ್ಕದ ತಮಿಳುನಾಡಿನದು. ಬರ್ಮಾದಲ್ಲಿ 1935ರಲ್ಲಿ ಹುಟ್ಟಿ ತಮಿಳುನಾಡಿನಲ್ಲಿ ಬೆಳೆದ ಮ್ಯಾನುಯೆಲ್ ಆರನ್ ಒಂಬತ್ತು ಸಲ ರಾಷ್ಟ್ರೀಯ ಚಾಂಪಿಯನ್. 1961ರಲ್ಲಿ ಭಾರತದ ಮೊದಲ ಇಂಟರ್‌ನ್ಯಾಷನಲ್ ಮಾಸ್ಟರ್ ಆದರು. ಅರ್ಜುನ ಪ್ರಶಸ್ತಿ ಆರಂಭವಾದ ವರ್ಷವೇ ಅದನ್ನು ಪಡೆದರು. 1962ರಲ್ಲಿ ಸ್ಟಾಕ್‌ಹೋಮಿನ ದೊಡ್ಡ ಪಂದ್ಯಾವಳಿಯಲ್ಲಿ ಅವರಿಗೆ ಕೊನೆಯ ಸ್ಥಾನ. ಆದರೂ ಅದೇ ಪಂದ್ಯಾವಳಿಯಲ್ಲಿ ಜಗತ್ತಿನ ಮುಂಚೂಣಿಯ ಆಟಗಾರರಾದ ಪೋರ್ಟಿಷ್ ಮತ್ತು ಉಲ್ಮನ್ ಅವರನ್ನು ಸೋಲಿಸಿದರು. ಕೊನೆಯ ಸ್ಥಾನ ಬಂತೆಂದು ಅವರು ಆಟ ಬಿಡಲಿಲ್ಲ. ಮದ್ರಾಸಿನ ಸೋವಿಯತ್ ಸಾಂಸ್ಕೃತಿಕ ಕೇಂದ್ರದಲ್ಲಿ ತಾಲ್ ಚೆಸ್ ಕ್ಲಬ್ ಕಟ್ಟಿದರು. ಆಡಲು ಜಾಗ, ಓದಲು ರಷ್ಯನ್ ಪುಸ್ತಕ, ಕೇಳಿದರೆ ಹೇಳಿಕೊಡುವ ಹಿರಿಯರು. ಇಷ್ಟೇ ಅಲ್ಲಿದ್ದದ್ದು.

ಆ ಕ್ಲಬ್ಬಿಗೆ ಬರುತ್ತಿದ್ದ ಹುಡುಗರಲ್ಲಿ ವಿಶ್ವನಾಥನ್ ಆನಂದ್ ಒಬ್ಬರು. 1969ರಲ್ಲಿ ಹುಟ್ಟಿದ ಅವರಿಗೆ ಆಟ ಕಲಿಸಿದ್ದು ತಾಯಿ ಸುಶೀಲಾ. ತಂದೆಯ ಕೆಲಸದ ನಿಮಿತ್ತ ಮನಿಲಾದಲ್ಲಿದ್ದಾಗ ಟಿ.ವಿ.ಯಲ್ಲಿ ಚದುರಂಗದ ಕಾರ್ಯಕ್ರಮ ಬರುವ ಹೊತ್ತಿಗೆ ಹುಡುಗ ಶಾಲೆಯಲ್ಲಿರುತ್ತಿದ್ದ. ತಾಯಿ ಅದನ್ನು ನೋಡಿ ಸಮಸ್ಯೆಗಳನ್ನು ಬರೆದಿಡುತ್ತಿದ್ದರು, ಸಂಜೆ ಇಬ್ಬರೂ ಕೂತು ಬಿಡಿಸುತ್ತಿದ್ದರು. 1988ರಲ್ಲಿ ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. 2000ದಲ್ಲಿ ಫಿಡೆಯ ವಿಶ್ವ ಚಾಂಪಿಯನ್. 2007ರಲ್ಲಿ ಮೆಕ್ಸಿಕೋದಲ್ಲಿ ಮತ್ತೆ ಗೆದ್ದು, 2008ರಲ್ಲಿ ಕ್ರಾಮ್ನಿಕ್, 2010ರಲ್ಲಿ ಟೊಪಲೋವ್, 2012ರಲ್ಲಿ ಗೆಲ್ಫಾಂಡ್ ಎದುರು ಪಟ್ಟ ಉಳಿಸಿಕೊಂಡರು. 2013ರಲ್ಲಿ ತಮ್ಮ ಊರಾದ ಚೆನ್ನೈಯಲ್ಲೇ ಕಾರ್ಲ್‌ಸನ್‌ಗೆ ಸೋತರು.

2024ರ ಡಿಸೆಂಬರಿನಲ್ಲಿ ಸಿಂಗಪುರದಲ್ಲಿ ಚೀನಾದ ಡಿಂಗ್ ಲಿರೆನ್ ಅವರನ್ನು ಏಳೂವರೆ - ಆರೂವರೆ ಅಂಕದಿಂದ ಗೆದ್ದು ಡಿ. ಗುಕೇಶ್ 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದದ್ದನ್ನು ನೀವೆಲ್ಲ ಮೊಬೈಲಿನಲ್ಲಿ ನೋಡಿದ್ದೀರಿ. ಅವರೂ ಚೆನ್ನೈಯವರೇ. ಮಗನ ಜೊತೆ ಊರೂರು ತಿರುಗಲು ಅವರ ತಂದೆ ತಮ್ಮ ವೈದ್ಯ ವೃತ್ತಿಯನ್ನೇ ಬದಿಗಿಟ್ಟರು. ಪದಕ ಹಾಕಿಕೊಳ್ಳುವುದು ಒಬ್ಬರೇ ಆದರೂ ಮಣೆಯ ಹಿಂದೆ ಒಂದು ಮನೆಯೇ ಕೂತಿರುತ್ತದೆ.

ಕರ್ನಾಟಕದ 29 ವರ್ಷ

ಆನಂದ್ ಗ್ರ್ಯಾಂಡ್‌ಮಾಸ್ಟರ್ ಆದದ್ದು 1988ರಲ್ಲಿ. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್, ಮೈಸೂರಿನ ಎಂ. ಎಸ್. ತೇಜಕುಮಾರ್, ಆ ಬಿರುದು ಪಡೆದದ್ದು 2017ರಲ್ಲಿ. ಮುಮ್ಮಡಿಯವರ ಊರಿಗೇ ಆ ಗೌರವ ಬಂದದ್ದು ಸಂತೋಷ. ಆದರೆ ನಡುವೆ 29 ವರ್ಷ ಕಳೆದಿತ್ತು.

ಈ ಬಿರುದು ಪರೀಕ್ಷೆ ಬರೆದು ಪಡೆಯುವಂಥದ್ದಲ್ಲ. 2500 ರೇಟಿಂಗ್ ಮುಟ್ಟಬೇಕು. ಅದರ ಜೊತೆಗೆ ಮೂರು ನಾರ್ಮ್ ಬೇಕು. ನಾರ್ಮ್ ಎಂದರೆ ಗ್ರ್ಯಾಂಡ್‌ಮಾಸ್ಟರ್‌ಗಳೂ ಬೇರೆ ದೇಶದವರೂ ಇರುವ ಪಂದ್ಯಾವಳಿಯಲ್ಲಿ ನಿಗದಿಯಾದ ಮಟ್ಟದ ಆಟ ತೋರಿಸುವುದು. ಅಂಥ ಪಂದ್ಯಾವಳಿ ನಮ್ಮ ಊರಿಗೆ ಬರದಿದ್ದರೆ ನಾವೇ ಅದಿರುವ ಕಡೆಗೆ ಹೋಗಬೇಕು. ರೈಲು, ವಿಮಾನ, ವಸತಿ, ತರಬೇತಿ ಎಲ್ಲಕ್ಕೂ ದುಡ್ಡು. ತೇಜಕುಮಾರ್ ರೈಲ್ವೆ ನೌಕರಿ ಮಾಡುತ್ತಲೇ ಆಡಿದವರು. ಬಿರುದು ಬಂದಾಗ ಅವರ ವಯಸ್ಸು ಮೂವತ್ತೈದು ದಾಟಿತ್ತು. ಹದಿನೈದು ವರ್ಷದ ಮಕ್ಕಳು ಗ್ರ್ಯಾಂಡ್‌ಮಾಸ್ಟರ್ ಆಗುತ್ತಿರುವ ಕಾಲದಲ್ಲಿ, ಆ ವಯಸ್ಸಿನವರೆಗೆ ಬಿಡದೆ ಆಡಿದ್ದನ್ನು ನಾನು ದೊಡ್ಡ ಸಾಧನೆ ಎಂದುಕೊಂಡಿದ್ದೇನೆ.

ಒಬ್ಬರು ದಾರಿ ಮಾಡಿದ ಮೇಲೆ ಉಳಿದವರು ಬೇಗ ಬಂದರು. ಶಿವಮೊಗ್ಗದ ಜಿ. ಎ. ಸ್ಟ್ಯಾನಿ, ಮೈಸೂರಿನ ಗಿರೀಶ್ ಕೌಶಿಕ್ ಗ್ರ್ಯಾಂಡ್‌ಮಾಸ್ಟರ್ ಆದರು. ಬೆಂಗಳೂರಿನ ಪ್ರಣವ್ ಆನಂದ್ 2022ರಲ್ಲಿ ರೊಮೇನಿಯಾದಲ್ಲಿ 16 ವರ್ಷದೊಳಗಿನವರ ವಿಶ್ವ ಚಾಂಪಿಯನ್ ಆಗಿ, ಅದೇ ವರ್ಷ ಗ್ರ್ಯಾಂಡ್‌ಮಾಸ್ಟರ್ ಕೂಡ ಆದ. ದಕ್ಷಿಣ ಕನ್ನಡದ ಬೆಳ್ತಂಗಡಿಯ ಇಶಾ ಶರ್ಮಾ ಕರ್ನಾಟಕದ ಮೊದಲ ಮಹಿಳಾ ಗ್ರ್ಯಾಂಡ್‌ಮಾಸ್ಟರ್. ಬೆಳ್ತಂಗಡಿ ನಮ್ಮ ಮಾಲೂರು, ಮುಳಬಾಗಿಲಿನ ಹಾಗೆ ಒಂದು ತಾಲ್ಲೂಕು ಕೇಂದ್ರ. ಇದನ್ನು ನಮ್ಮ ಮಕ್ಕಳು ಗಮನಿಸಬೇಕು.

ಶಿವಮೊಗ್ಗದ ಕಿಶನ್ ಗಂಗೊಳ್ಳಿಯವರ ಹೆಸರನ್ನು ಬಿಡುವಂತಿಲ್ಲ. ದೃಷ್ಟಿದೋಷ ಇರುವವರ ರಾಷ್ಟ್ರೀಯ ಚಾಂಪಿಯನ್‌ಷಿಪ್ಪನ್ನು ಹಲವು ಸಲ ಗೆದ್ದವರು ಅವರು. ಅಂಥವರು ಆಡುವ ಮಣೆಯಲ್ಲಿ ಪ್ರತಿ ಮನೆಗೂ ತೂತು ಇರುತ್ತದೆ, ಕಾಯಿಯ ಬುಡದ ಕಡ್ಡಿ ಅದರಲ್ಲಿ ಕೂರುತ್ತದೆ. ಕಪ್ಪು ಮನೆಗಳು ಬಿಳಿ ಮನೆಗಳಿಗಿಂತ ತುಸು ಎತ್ತರ. ಒಂದು ಬಣ್ಣದ ಕಾಯಿಗಳ ತಲೆಯ ಮೇಲೆ ಗುರುತಿಗೆ ಒಂದು ಮೊಳೆ. ಇಬ್ಬರಿಗೂ ಒಂದೊಂದು ಮಣೆ. ನಡೆಯನ್ನು ಬಾಯಲ್ಲಿ ಹೇಳುತ್ತಾರೆ, ಬೆರಳಲ್ಲಿ ಮುಟ್ಟಿ ನೋಡುತ್ತಾರೆ, ಆಟವನ್ನು ತಲೆಯಲ್ಲಿ ಇಟ್ಟುಕೊಳ್ಳುತ್ತಾರೆ. ಹುಣಸೆ ಬೀಜವನ್ನು ಕುದುರೆ ಮಾಡಿಕೊಂಡ ನಮಗೆ ಇದು ಅರ್ಥವಾಗುತ್ತದೆ. ಕಾಯಿ ಹೇಗಿದ್ದರೂ ಆಟ ನಡೆಯುತ್ತದೆ.

ಹೆಣ್ಣುಮಕ್ಕಳ ನಡೆ

ಇನ್ನು ನಾನು ಹೇಳಬೇಕೆಂದುಕೊಂಡ ಮಾತು.

ಭಾರತದ ಮೊದಲ ರಾಷ್ಟ್ರೀಯ ಮಹಿಳಾ ಚದುರಂಗ ಚಾಂಪಿಯನ್‌ಷಿಪ್ ನಡೆದದ್ದು 1974ರಲ್ಲಿ, ನಮ್ಮ ಬೆಂಗಳೂರಿನಲ್ಲಿ. ಗೆದ್ದವರು ಮುಂಬೈನ ವಾಸಂತಿ ಖಾಡಿಲ್ಕರ್. ಅವರ ತಂಗಿಯರಾದ ಜಯಶ್ರೀ, ರೋಹಿಣಿ ಕೂಡ ಆಟಗಾರರು. ಅನೇಕ ವರ್ಷ ಆ ಪಟ್ಟ ಈ ಮೂವರ ಮನೆಯಲ್ಲೇ ಇತ್ತು. ಕಿರಿಯವರಾದ ರೋಹಿಣಿ 1976ರಲ್ಲಿ, 13ನೇ ವಯಸ್ಸಿನಲ್ಲಿ, ಪುರುಷರ ರಾಷ್ಟ್ರೀಯ ಚಾಂಪಿಯನ್‌ಷಿಪ್‌ನಲ್ಲಿ ಆಡಿದರು. ಹುಡುಗಿಯೊಬ್ಬಳು ಗಂಡಸರ ಜೊತೆ ಆಡುವುದೇ ಎಂದು ದೊಡ್ಡ ವಿವಾದವಾಯಿತು. ವಿಷಯ ಫಿಡೆ ಅಧ್ಯಕ್ಷರಾಗಿದ್ದ ಮ್ಯಾಕ್ಸ್ ಯೂವೆ ಅವರ ತನಕ ಹೋಯಿತು. ಹೆಣ್ಣೆಂಬ ಕಾರಣಕ್ಕೆ ಯಾರನ್ನೂ ಚಾಂಪಿಯನ್‌ಷಿಪ್‌ನಿಂದ ಹೊರಗಿಡುವಂತಿಲ್ಲ ಎಂದು ತೀರ್ಮಾನವಾಯಿತು. ರೋಹಿಣಿ 1981ರಲ್ಲಿ ಏಷ್ಯಾದ ಮಹಿಳಾ ಚಾಂಪಿಯನ್ ಆದರು.

ಆಂಧ್ರದ ಗುಡಿವಾಡದ ಕೊನೇರು ಹಂಪಿ 2002ರಲ್ಲಿ 15ನೇ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್ ಆದರು. ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಅಲ್ಲ, ಆನಂದ್ ಪಡೆದ ಅದೇ ಬಿರುದು. 'ಚಾಂಪಿಯನ್' ಎಂಬ ಪದದಿಂದಲೇ ಮಗಳಿಗೆ ಹೆಸರು ಹುಡುಕಿದ ತಂದೆ ತಮ್ಮ ಕೆಲಸ ಬಿಟ್ಟು ಅವಳಿಗೆ ತರಬೇತಿ ಕೊಟ್ಟರು. ಮಗುವಾದ ಮೇಲೆ ಎರಡು ವರ್ಷ ಆಟದಿಂದ ದೂರವಿದ್ದ ಹಂಪಿ 2019ರಲ್ಲಿ ವಿಶ್ವ ರ‍್ಯಾಪಿಡ್ ಚಾಂಪಿಯನ್ ಆದರು, 2024ರಲ್ಲಿ ಮತ್ತೊಮ್ಮೆ ಗೆದ್ದರು. 2025ರ ಮಹಿಳಾ ವಿಶ್ವಕಪ್ಪಿನ ಫೈನಲ್ಲಿನಲ್ಲಿ ಆಡಿದ ಇಬ್ಬರೂ ಭಾರತದವರು. ಒಬ್ಬರು ಹಂಪಿ, ಅವರನ್ನು ಗೆದ್ದ ಇನ್ನೊಬ್ಬರು ನಾಗಪುರದ ದಿವ್ಯಾ ದೇಶಮುಖ್.

ಹಂಪಿಯವರ ಫೋಟೋ ಇದ್ದ ಪೇಪರಿನ ತುಂಡೊಂದನ್ನು ಗಣಿತದ ಮೇಷ್ಟ್ರು ಮಣೆಯ ಡಬ್ಬಿಯೊಳಗೆ ಮಡಿಸಿಟ್ಟಿದ್ದರು. ಒಂದು ಶನಿವಾರ ಅದನ್ನು ತೆಗೆದು ನಮ್ಮ ತರಗತಿಯ ಒಬ್ಬ ಹುಡುಗಿಯ ಕೈಗೆ ಕೊಟ್ಟು "ನೋಡಮ್ಮ, ಇವಳೂ ನಿನ್ನಂಗೇ" ಎಂದಿದ್ದರು. ಅವಳ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಜೊತೆಗೆ ಓದಿದವರಿಗೆ ಗೊತ್ತಾಗುತ್ತದೆ. ಅವಳು ಶಾಲೆಗೆ ಬರುವ ಮೊದಲು ಹಾಲು ಹಾಕಿ, ಮಾವಿನ ಕಾಲದಲ್ಲಿ ತೋಟದ ಕೆಲಸ ಮುಗಿಸಿ ಬರುತ್ತಿದ್ದಳು. ಮಣೆಯ ಮುಂದೆ ಕೂತರೆ ಮಾತಿಲ್ಲ. ಎರಡು ವರ್ಷದಲ್ಲಿ ನಾನು ಅವಳ ಜೊತೆ ಬಹಳ ಸಲ ಆಡಿದ್ದೇನೆ. ಗೆದ್ದದ್ದು ಎರಡು ಸಲ. ಅದರಲ್ಲಿ ಒಂದು ಸಲ ಅವಳಿಗೆ ಜ್ವರವಿತ್ತು.

ನಾವು ಒಂಬತ್ತನೇ ತರಗತಿಯಲ್ಲಿದ್ದಾಗ ಕೋಲಾರದಲ್ಲಿ ಒಂದು ಪಂದ್ಯಾವಳಿಗೆ ಶಾಲೆಯಿಂದ ಒಬ್ಬರನ್ನು ಕಳಿಸಬೇಕಾಗಿ ಬಂತು. ಅವಳೇ ಹೋಗಬೇಕಿತ್ತು, ಅದರಲ್ಲಿ ಯಾರಿಗೂ ಅನುಮಾನ ಇರಲಿಲ್ಲ. ಆದರೆ ಹುಡುಗಿ ಒಬ್ಬಳೇ, ಜೊತೆಗೆ ಹೋಗಲು ಮೇಡಂ ಯಾರೂ ಇಲ್ಲ, ಮರಳುವಾಗ ಕತ್ತಲಾಗುತ್ತದೆ, ಕೊನೆಯ ಬಸ್ಸು ಸಿಗುತ್ತದೋ ಇಲ್ಲವೋ. ಅವಳ ಮನೆಯಲ್ಲೂ ಬೇಡವೆಂದರು. ಮೇಷ್ಟ್ರು ಎರಡು ಸಲ ಅವರ ಮನೆಗೆ ಹೋಗಿ ಬಂದರು. ಕೊನೆಗೆ ಅವಳ ಜಾಗದಲ್ಲಿ ನಾನು ಹೋದೆ. ಮೂರು ಆಟ ಆಡಿದೆ, ಮೂರನ್ನೂ ಸೋತೆ. ಮಧ್ಯಾಹ್ನದ ಊಟದ ಹೊತ್ತಿಗೆ ಬಸ್ ಸ್ಟ್ಯಾಂಡಿನಲ್ಲಿದ್ದೆ. ಕತ್ತಲಾಗುವ ಪ್ರಶ್ನೆಯೇ ಬರಲಿಲ್ಲ.

ಮರುದಿನ ಅವಳು ಕೇಳಿದ್ದು ಒಂದೇ ಮಾತು: "ಮೂರನೇ ಆಟದಲ್ಲಿ ಏನಾಡಿದೆ, ತೋರಿಸು." ಹುಣಸೆ ಬೀಜ ಇಟ್ಟು ತೋರಿಸಿದೆ. ಹನ್ನೊಂದನೇ ನಡೆಯ ಹತ್ತಿರ ನಿಲ್ಲಿಸಿ ಕುದುರೆಯನ್ನು ಎತ್ತಿ ಬೇರೆ ಮನೆಯಲ್ಲಿಟ್ಟಳು. ಅಲ್ಲಿ ಇಟ್ಟಿದ್ದರೆ ನಾನು ಗೆಲ್ಲುತ್ತಿದ್ದೆ.

ಇದರಲ್ಲಿ ಯಾರ ತಪ್ಪು ಎಂದು ಹುಡುಕಲು ನಾನು ಇದನ್ನು ಬರೆಯುತ್ತಿಲ್ಲ. ಅಂದಿನ ಭಯಗಳು ನಿಜವಾದ ಭಯಗಳೇ. ಈಗ ನನಗೂ ಮಗಳಿದ್ದಾಳೆ, ಕತ್ತಲೆಯ ಬಸ್ಸಿನ ಚಿಂತೆ ನನಗೂ ಅರ್ಥವಾಗುತ್ತದೆ. ಆದರೆ "ನಾನು ಹೋಗಲ್ಲ ಸಾರ್, ಅವಳೇ ಹೋಗಲಿ, ಬೇಕಾದರೆ ನಮ್ಮಮ್ಮನನ್ನ ಜೊತೆಗೆ ಕಳಿಸ್ತೀನಿ" ಎಂದು ನಾನು ಹೇಳಬಹುದಿತ್ತು. ನಮ್ಮಮ್ಮ ಹೋಗುತ್ತಿದ್ದರು ಕೂಡ. ಕೋಲಾರ ನೋಡುವ ಆಸೆ ನನಗಿತ್ತು, ಸುಮ್ಮನಿದ್ದೆ. ಸುಲ್ತಾನ್ ಖಾನನ ಕಥೆ ಓದಿದಾಗಲೆಲ್ಲ ನನಗೆ ನೆನಪಾಗುವುದು ಅದೇ. ಆಟ ಬಲ್ಲವರು ಒಬ್ಬರು, ಬಸ್ಸು ಹತ್ತಿದವರು ಇನ್ನೊಬ್ಬರು.

ಅವಳು ಈಗ ಮಾಲೂರಿನ ಕಡೆ ಇದ್ದಾಳೆ. ಹೋದ ವರ್ಷ ಹಳೆಯ ವಿದ್ಯಾರ್ಥಿಗಳ ಸಭೆಗೆ ಬಂದಿದ್ದಳು. ನಾನು ಹಳೆಯ ವಿಷಯ ಎತ್ತಿ ತಪ್ಪಾಯಿತು ಎಂದೆ. ನಕ್ಕು, "ಅದೆಲ್ಲ ಬಿಡಪ್ಪ. ನನ್ನ ಮಗಳು ಏಳನೇ ಕ್ಲಾಸು, ನನ್ನೇ ಸೋಲಿಸ್ತಾಳೆ. ಅವಳನ್ನ ಎಲ್ಲಿಗೆ ಕಳಿಸ್ಬೇಕು, ಹೆಂಗೆ ಕಳಿಸ್ಬೇಕು ಅದನ್ನ ಹೇಳು" ಎಂದಳು. ನಾನು ನನಗೆ ತಿಳಿದಷ್ಟು ಹೇಳಿದೆ. ಅಷ್ಟು ಸಾಲದು ಅನ್ನಿಸಿ ಈ ಲೇಖನ ಬರೆದೆ.

ಕೊನೆಯ ಮಾತು

ನಾನು ಓದಿದ ಈ ಇತಿಹಾಸದಲ್ಲಿ ಒಂದು ವಿಷಯ ಸ್ಪಷ್ಟವಾಗಿದೆ. ಬುದ್ಧಿ ಎಲ್ಲ ಊರುಗಳಲ್ಲೂ ಹುಟ್ಟುತ್ತದೆ. ಅದು ಆಟವಾಗಿ ಬೆಳೆಯುವುದು ಮಾತ್ರ ಜಾಗ, ಪುಸ್ತಕ, ಕಲಿಸುವವರು, ಜೊತೆಗೆ ಬಸ್ಸು ಹತ್ತುವವರು ಇರುವ ಕಡೆ. ಮದ್ರಾಸಿನಲ್ಲಿ ಒಂದು ಕ್ಲಬ್ಬಿನ ಕೋಣೆ ಇದ್ದದ್ದರಿಂದ ಎಷ್ಟೊಂದು ಆಯಿತು. ಇಂದು ಭಾರತದಲ್ಲಿ 80ಕ್ಕೂ ಹೆಚ್ಚು ಗ್ರ್ಯಾಂಡ್‌ಮಾಸ್ಟರ್‌ಗಳಿದ್ದಾರೆ. 2024ರ ಬುಡಾಪೆಸ್ಟ್ ಒಲಿಂಪಿಯಾಡಿನಲ್ಲಿ ಮುಕ್ತ ವಿಭಾಗ, ಮಹಿಳಾ ವಿಭಾಗ ಎರಡರಲ್ಲೂ ಚಿನ್ನ ನಮ್ಮದೇ.

ನಮ್ಮ ಶಾಲೆಯಿಂದ ಗ್ರ್ಯಾಂಡ್‌ಮಾಸ್ಟರ್ ಬರಲೇಬೇಕೆಂದು ನಾನು ಹೇಳುವುದಿಲ್ಲ. ಸೋಲನ್ನು ಒಪ್ಪಿಕೊಂಡು ಕೈ ಕುಲುಕಿ, ಎಲ್ಲಿ ತಪ್ಪಿತೆಂದು ಎದುರಾಳಿಯನ್ನೇ ಕೇಳಿ ಕಲಿಯುವ ಅಭ್ಯಾಸ ಬಂದರೂ ಸಾಕು. ಆಫೀಸಿನಲ್ಲಿ ನಾನು ಮಾಡುವ ಕೆಲಸಕ್ಕೆ ಅದರಷ್ಟು ಉಪಯೋಗಕ್ಕೆ ಬಂದ ಪಾಠ ಇನ್ನೊಂದಿಲ್ಲ.

ನಮ್ಮ ಬ್ಯಾಚಿನ ಗೆಳೆಯರು ಸೇರಿ ಹತ್ತು ಮಣೆ, ಎರಡು ಚೆಸ್ ಗಡಿಯಾರ, ಕೆಲವು ಪುಸ್ತಕಗಳನ್ನು ಈ ಮಹೋತ್ಸವದ ದಿನ ಶಾಲೆಗೆ ಕೊಡುತ್ತಿದ್ದೇವೆ. ತಿಂಗಳಿಗೊಂದು ಶನಿವಾರ ನಾನೇ ಬಂದು ಮಕ್ಕಳ ಜೊತೆ ಕೂರುತ್ತೇನೆ. ಮುಖ್ಯೋಪಾಧ್ಯಾಯರಲ್ಲಿ, ಎಸ್.ಡಿ.ಎಂ.ಸಿ. ಸದಸ್ಯರಲ್ಲಿ, ಊರಿನ ತಾಯಿ-ತಂದೆಯರಲ್ಲಿ ನನ್ನದೊಂದೇ ಬೇಡಿಕೆ. ಶಾಲೆಯಿಂದ ಒಬ್ಬರು ಹೋಗಬೇಕಾದಾಗ ಚೆನ್ನಾಗಿ ಆಡುವವರೇ ಹೋಗಲಿ. ಅದು ಹೆಣ್ಣುಮಗುವಾದರೆ ಜೊತೆಗೆ ತಾಯಿಯೊಬ್ಬರ ಬಸ್ ಚಾರ್ಜು, ಕತ್ತಲಾದರೆ ಕಾರಿನ ಬಾಡಿಗೆ ನಮ್ಮ ಬ್ಯಾಚಿನ ಲೆಕ್ಕಕ್ಕೆ ಇರಲಿ. ಅದಕ್ಕೆಂದು ಒಂದು ಮೊತ್ತವನ್ನು ಬೇರೆಯಾಗಿ ಇಟ್ಟಿದ್ದೇವೆ.

ಗಣಿತದ ಮೇಷ್ಟ್ರು ನಿವೃತ್ತರಾಗಿ ಬಹಳ ವರ್ಷವಾಯಿತು. ಹಳೆಯ ಮಣೆ ಎಲ್ಲಿದೆ ಎಂದು ಅವರನ್ನು ಕೇಳಿದೆ. ತಮ್ಮ ಮನೆಯಲ್ಲೇ ಇದೆಯಂತೆ, ಮಹೋತ್ಸವದ ದಿನ ತರುತ್ತಾರಂತೆ. ಕಪ್ಪು ಕುದುರೆ ಸಿಕ್ಕಿತೇ ಎಂದೆ. "ಇಲ್ಲಪ್ಪ, ಹುಣಸೆ ಬೀಜಾನೇ ಇದೆ" ಎಂದರು.

ಆ ದಿನ ಮೊದಲ ಆಟ ಮಾಲೂರಿನಿಂದ ಬರುವ ಏಳನೇ ತರಗತಿಯ ಹುಡುಗಿಯ ಜೊತೆ ನನ್ನದು. ಕಪ್ಪು ಕಾಯಿ ನಾನೇ ತೆಗೆದುಕೊಳ್ಳುತ್ತೇನೆ.